ಸಾಕ್ಷ್ಯಚಿತ್ರಕ್ಕೆ ಮೊದಲ ಬಾರಿ ಸಂಗೀತ: ಅನುಭವವುಳ್ಳವರು ತಿಳಿಸುವಿರಾ?

ಪ್ರಶ್ನೆ (ಮಲ್ಲೇಶ್ವರ): ಹತ್ತು ವರ್ಷಗಳಿಂದ ಸುಗಮ ಸಂಗೀತ ಕಾರ್ಯಕ್ರಮಗಳಲ್ಲಿ ಕೀಬೋರ್ಡ್ ನುಡಿಸುತ್ತಿದ್ದೇನೆ. ಈಗ ಟಿವಿಯಲ್ಲಿ ಪ್ರಸಾರವಾಗಲಿರುವ 26 ನಿಮಿಷಗಳ ಸಾಕ್ಷ್ಯಚಿತ್ರವೊಂದಕ್ಕೆ ಹಿನ್ನೆಲೆ ಸಂಗೀತ ಮಾಡಿಕೊಡಲು ಕೇಳಿದ್ದಾರೆ. ಎಲ್ಲಿಂದ ಆರಂಭಿಸಬೇಕು, ಯಾವುದರಲ್ಲಿ ಎಚ್ಚರ ಬೇಕು ಎಂಬುದನ್ನು ಬಲ್ಲವರು ದಯವಿಟ್ಟು ತಿಳಿಸಿ.

ಉತ್ತರ (ಬಸವನಗುಡಿ): ಕೂಡಲೇ ವಾದ್ಯಕ್ಕೆ ಕೈ ಹಾಕಬೇಡಿ. ಸಂಕಲನ ಮುಗಿದ ಪ್ರತಿಯನ್ನು ನಿರ್ದೇಶಕರ ಜೊತೆ ಕುಳಿತು ನೋಡಿ, ಸಂಗೀತ ಎಲ್ಲೆಲ್ಲಿ ಬೇಡ ಎಂಬುದನ್ನು ಮೊದಲು ಗುರುತು ಹಾಕಿಕೊಳ್ಳಿ. ನಾನು ಇದನ್ನು ಕಲಿತದ್ದು ಚನ್ನಪಟ್ಟಣದ ಗೊಂಬೆ ತಯಾರಕರೊಬ್ಬರ ಕುರಿತ ಚಿತ್ರ ಮಾಡುವಾಗ. ಯಂತ್ರದಲ್ಲಿ ತಿರುಗುತ್ತಿರುವ ಹಾಲೆ ಮರದ ತುಂಡಿಗೆ ಆ ಹಿರಿಯರು ಅರಗಿನ ಕಡ್ಡಿ ಒತ್ತುತ್ತಾರೆ, ಉಜ್ಜಿದ ಬಿಸಿಗೆ ಅರಗು ಕರಗಿ ಬಣ್ಣ ಹತ್ತಿಕೊಳ್ಳುತ್ತದೆ. ಆ ದೃಶ್ಯದುದ್ದಕ್ಕೂ ನಾನು ವೀಣೆ, ಕೊಳಲು ಎರಡನ್ನೂ ತುಂಬಿದ್ದೆ. ನಿರ್ದೇಶಕಿ ಏನೂ ಹೇಳದೆ ನನ್ನ ಟ್ರ್ಯಾಕನ್ನು ಮ್ಯೂಟ್ ಮಾಡಿ ಮತ್ತೊಮ್ಮೆ ತೋರಿಸಿದರು. ಅರಗು ತಾಗಿದಾಗ ಯಂತ್ರದ ಸದ್ದು ಕೊಂಚ ಭಾರವಾಗುವುದನ್ನೂ ಆ ಹಿರಿಯರು ಉಸಿರು ಬಿಗಿಹಿಡಿದು ಬಿಡುವುದನ್ನೂ ನಾನು ಮುಚ್ಚಿಬಿಟ್ಟಿದ್ದೆ. ನಮ್ಮ ವಿದ್ಯುತ್ತು 50 ಹರ್ಟ್ಸ್‌ನದಾದ್ದರಿಂದ ಮೋಟಾರಿನ ಗುಂಗು ಸಾಮಾನ್ಯವಾಗಿ ಅದರ ಇಮ್ಮಡಿಯಾದ 100 ಹರ್ಟ್ಸ್‌ನಲ್ಲಿ, ಅಂದರೆ ಮಂದ್ರದ ಐದು ಮನೆಗಿಂತ (ಕೀಬೋರ್ಡಿನ ಜಿ ಸ್ವರಕ್ಕಿಂತ) ತುಸು ಮೇಲೆ ಕೇಳುತ್ತದೆ. ತಂಬೂರಿಯನ್ನು ಅದಕ್ಕೇ ಶ್ರುತಿ ಮಾಡಿ, ಕೇದಗೆ ಗರಿಯಿಂದ ಉಜ್ಜಿ ಗೊಂಬೆಗೆ ಹೊಳಪು ಬರುವ ಹೊತ್ತಿಗೆ ವೀಣೆಯ ಒಂದೇ ಒಂದು ಮೀಟನ್ನು ಇಟ್ಟೆ. ನನ್ನ ಕೆಲಸದಲ್ಲಿ ನನಗೆ ತುಂಬಾ ಇಷ್ಟವಾದ ಭಾಗ ಅದೇ. ಮಾತಿನ ಕೆಳಗಂತೂ ಕೊಳಲು, ಪಿಟೀಲನ್ನು ಮೇಲಿನ ಸ್ಥಾಯಿಯಲ್ಲಿ ಇಡಬೇಡಿ. ವ್ಯಂಜನಗಳು ಮಸುಕಾಗಿ ಹಳ್ಳಿಯವರ ನುಡಿಯ ಸೊಗಡೇ ಹೋಗುತ್ತದೆ.

ಉತ್ತರ (ರಾಜಾಜಿನಗರ): ಮೇಲಿನವರ ಮಾತನ್ನು ಪೂರ್ತಿ ಒಪ್ಪುತ್ತೇನೆ. ಜೊತೆಗೆ, ಸಂಕಲನಕಾರರಿಂದ ಫ್ರೇಮ್ ದರವನ್ನು ಕೇಳಿಕೊಳ್ಳಿ. ನಮ್ಮ ಟಿವಿಗೆ ಅದು ಸೆಕೆಂಡಿಗೆ 25. ಆಗ ನಿಮಿಷಕ್ಕೆ 75 ಬಡಿತಗಳ ಲಯದಲ್ಲಿ ಪ್ರತಿ ಬಡಿತವೂ ಸರಿಯಾಗಿ 20 ಫ್ರೇಮಿಗೊಮ್ಮೆ ಬೀಳುತ್ತದೆ. ಕಡತಗಳನ್ನು 48 ಕಿಲೋಹರ್ಟ್ಸ್‌ನಲ್ಲಿ, ತಾಳವಾದ್ಯ, ತಂತಿವಾದ್ಯ, ಶ್ರುತಿ ಹೀಗೆ ಬೇರೆಬೇರೆ ಸ್ಟೆಮ್‌ಗಳಾಗಿ (ಗುಂಪಿಗೊಂದು ಪ್ರತ್ಯೇಕ ಕಡತವಾಗಿ) ಕೊಡಿ. ಮಿಕ್ಸಿಂಗ್ ಮಾಡುವವರಿಗೆ ಮೃದಂಗವೊಂದನ್ನೇ ತಗ್ಗಿಸಬೇಕಾದಾಗ ಇಡೀ ಸಂಗೀತವನ್ನು ತಗ್ಗಿಸುವ ಪರಿಸ್ಥಿತಿ ಬರಬಾರದು.

ಉತ್ತರ (ಜಯನಗರ): ಕಾಗದಪತ್ರದ ವಿಷಯ ಯಾರೂ ಹೇಳಲಿಲ್ಲವಾದ್ದರಿಂದ ನಾನು ಹೇಳುತ್ತೇನೆ. ನನ್ನ ಶೀರ್ಷಿಕೆ ಸಂಗೀತವೊಂದನ್ನು ವಾಹಿನಿಯೊಂದು ಕೇಳದೆಯೇ ಇನ್ನೆರಡು ಕಾರ್ಯಕ್ರಮಗಳಿಗೆ ಬಳಸಿಕೊಂಡಿತು. ಎಲ್ಲವೂ ಬಾಯಿಮಾತಿನಲ್ಲಿ ನಡೆದಿದ್ದರಿಂದ ತೋರಿಸಲು ನನ್ನ ಬಳಿ ಒಂದು ಚೀಟಿಯೂ ಇರಲಿಲ್ಲ. 1957ರ ಕೃತಿಸ್ವಾಮ್ಯ ಕಾಯಿದೆಗೆ 2012ರಲ್ಲಿ ಆದ ತಿದ್ದುಪಡಿಯ ಪ್ರಕಾರ, ಚಿತ್ರಮಂದಿರದ ಪ್ರದರ್ಶನದ ಹೊರತಾದ ಬಳಕೆಗಳಿಂದ ಬರುವ ರಾಯಧನದಲ್ಲಿ ಸಮಪಾಲು ಪಡೆಯುವ ಹಕ್ಕನ್ನು ಸಂಗೀತ ರಚಿಸಿದವರು ತಮ್ಮ ವಾರಸುದಾರರಿಗೆ ಅಥವಾ ಕೃತಿಸ್ವಾಮ್ಯ ಸಂಘಕ್ಕೆ ಹೊರತು ಬೇರೆ ಯಾರಿಗೂ ಬಿಟ್ಟುಕೊಡುವಂತಿಲ್ಲ. ಆದ್ದರಿಂದ ಎಲ್ಲ ಹಕ್ಕುಗಳನ್ನೂ ಬರೆದುಕೊಡಿ ಎಂದು ಕೇಳಿದರೆ ಸಹಿ ಹಾಕುವ ಮುನ್ನ ವಕೀಲರಿಗೆ ತೋರಿಸಿ, ಅಂಥ ಕೃತಿಸ್ವಾಮ್ಯ ಸಂಘವಾದ ಐಪಿಆರ್‌ಎಸ್‌ನ ಸದಸ್ಯತ್ವ ಪಡೆಯಿರಿ. ಪ್ರತಿ ತುಣುಕಿನ ಹೆಸರು, ಅವಧಿ, ರಚಿಸಿದವರ ಹೆಸರು ಇರುವ ಕ್ಯೂ ಶೀಟನ್ನು ಪ್ರಸಾರಕ್ಕೆ ಮುಂಚೆಯೇ ನಿರ್ಮಾಪಕರಿಗೆ ಕೊಟ್ಟು, ಒಂದು ಪ್ರತಿಯನ್ನು ನಿಮ್ಮಲ್ಲಿಯೂ ಇಟ್ಟುಕೊಳ್ಳಿ.