ಸಹಾಯ ಬೇಕು: ಆಗಸ್ಟಿನ್ ಓದಿದ ರೋಮಾಪುರದವರಿಗೆ 5:12 ಕನ್ನಡದಲ್ಲಿ ಹೇಗೆ?

ಎಲ್ಲರಿಗೂ ನಮಸ್ಕಾರ. ಸಂತ ಆಗಸ್ಟಿನ್‌ರ ಕೃಪಾಸಿದ್ಧಾಂತದ (ದೇವರ ಕೃಪೆಯ ಕುರಿತ ಬೋಧನೆಯ) ಕನ್ನಡ ಟಿಪ್ಪಣಿಗೆ ಲ್ಯಾಟಿನ್ ಬಲ್ಲವರ ನೆರವು ಬೇಕು.

ಒಬ್ಬ ಮನುಷ್ಯನಿಂದ ಪಾಪವೂ ಪಾಪದಿಂದ ಮರಣವೂ ಲೋಕಕ್ಕೆ ಬಂದು ಎಲ್ಲರಿಗೂ ಹಬ್ಬಿತು ಎನ್ನುವ ಈ ಬೈಬಲ್ ವಚನದ ಕೊನೆಯ ಭಾಗದ ಗ್ರೀಕ್‌ನಲ್ಲಿರುವುದು 'ಎಫ್ ಹೋ'. 'ಎಲ್ಲರೂ ಪಾಪ ಮಾಡಿದ್ದರಿಂದ' ಎಂದು ಇಂದು ಹೆಚ್ಚಿನವರು ಅರ್ಥ ಮಾಡುತ್ತಾರೆ, ಕನ್ನಡ ಬೈಬಲಿನ ದಾರಿಯೂ ಅದೇ. ಆಗಸ್ಟಿನ್ ಕೈಯಲ್ಲಿದ್ದದ್ದು ಲ್ಯಾಟಿನ್ನಿನ 'ಇನ್ ಕ್ವೋ'. ಅದನ್ನು ಅವರು 'ಆದಾಮನಲ್ಲಿ ಎಲ್ಲರೂ ಪಾಪ ಮಾಡಿದರು' ಎಂದು ಓದಿ ಪೆಲೇಜಿಯನರ (ಆದಾಮನ ಪಾಪ ಅವನ ಸಂತತಿಗೆ ಬರುವುದಿಲ್ಲ ಎಂದವರ) ವಿರುದ್ಧ ಬಳಸಿದರು. ಹಾಗಾಗಿ ಕನ್ನಡ ಬೈಬಲಿನ ವಾಕ್ಯವನ್ನೇ ಉದ್ಧರಿಸಿದರೆ ಅವರ ವಾದದ ಬುಡವೇ ಕಾಣುವುದಿಲ್ಲ. ಲ್ಯಾಟಿನ್‌ನಿಂದ ನೇರ ಅನುವಾದಿಸಿ ಅಡಿಟಿಪ್ಪಣಿ ಕೊಡುವುದೇ ಸರಿ ಎನಿಸುತ್ತದೆ. ಆದರೆ 'ಇನ್ ಕ್ವೋ'ಗೆ 'ಅವನಲ್ಲಿ' ಎನ್ನಬೇಕೋ, 'ಯಾವನಲ್ಲಿ' ಎನ್ನಬೇಕೋ?

ಇದಕ್ಕಿಂತ ದೊಡ್ಡ ತೊಡಕು ಇನ್ನೊಂದು. 'ಲಿಬೆರುಮ್ ಆರ್ಬಿಟ್ರಿಯುಮ್' ಎಂದರೆ ಆರಿಸಿಕೊಳ್ಳುವ ಶಕ್ತಿ, ಪತನದ (ಆದಾಮ ಪಾಪಕ್ಕೆ ಬಿದ್ದುದರ) ಮೇಲೂ ಉಳಿದದ್ದು. 'ಲಿಬೆರ್ತಾಸ್' ಎಂದರೆ ಒಳಿತನ್ನೇ ಬಯಸಬಲ್ಲ ಬಿಡುಗಡೆ, ಆದಾಮನೊಂದಿಗೆ ಕಳೆದುಹೋದದ್ದು. ಎರಡಕ್ಕೂ 'ಇಚ್ಛಾಸ್ವಾತಂತ್ರ್ಯ' ಎಂದು ಹಾಕಿದರೆ ಆಗಸ್ಟಿನ್ ಒಂದೇ ಉಸಿರಿನಲ್ಲಿ 'ಇದೆ, ಇಲ್ಲ' ಎಂದಂತಾಗುತ್ತದೆ! ಮೊದಲನೆಯದಕ್ಕೆ 'ಆಯ್ಕೆಶಕ್ತಿ' ನಡೆದೀತೇ?

ಹಾಗೆಯೇ, ನಂಬಿಕೆಯ ಆರಂಭವೂ ಕೃಪೆಯಿಂದಲೇ ಎಂದು 529ರಲ್ಲಿ ಇಂದಿನ ಫ್ರಾನ್ಸಿನ ಓರಾಂಜ್‌ನಲ್ಲಿ ಸೇರಿದ ಬಿಷಪರ ಸಭೆ ಹೇಳಿತು. ಹೀಗೆ ಮೊದಲೇ ಬರುವ ಕೃಪೆಗೆ 'ಮುನ್ನಡೆಯುವ ಕೃಪೆ' ಎಂದರೆ ಪ್ರಗತಿಯ ಅರ್ಥ ನುಸುಳುತ್ತದೆ. ಧರ್ಮಸಭೆಯ ಕನ್ನಡದಲ್ಲಿ ಬಳಕೆಯಲ್ಲಿರುವ ಪದ ಗೊತ್ತಿದ್ದವರು ದಯವಿಟ್ಟು ತಿಳಿಸಿ.