ಸಹಾಯ ಬೇಕು: ಎಲೆನ್ ಟೆರಿ ಉಡುಪಿನ ಆ ಹಸಿರು ಹೇಗೆ ತರೋದು?

ಎಲ್ಲರಿಗೂ ನಮಸ್ಕಾರ. ಶೇಕ್ಸ್‌ಪಿಯರ್‌ನ ‘ಮ್ಯಾಕ್‌ಬೆತ್’ ನಾಟಕದ ಲೇಡಿ ಮ್ಯಾಕ್‌ಬೆತ್ ಪಾತ್ರದಲ್ಲಿರುವ ನಟಿ ಎಲೆನ್ ಟೆರಿಯನ್ನು ಚಿತ್ರಕಾರ ಜಾನ್ ಸಿಂಗರ್ ಸಾರ್ಜೆಂಟ್ 1889ರಲ್ಲಿ ಬರೆದ ಚಿತ್ರ ಇದೆಯಲ್ಲ, ಅದನ್ನು ನೋಡಿಕೊಂಡು ಎಣ್ಣೆಬಣ್ಣದಲ್ಲಿ ಒಂದು ನಕಲು ಮಾಡುತ್ತಿದ್ದೇನೆ, ಸುಮ್ನೆ ಕಲಿಯೋಕೆ. ಮುಖ, ಉದ್ದನೆಯ ಕೆಂಪು ಜಡೆ, ತಲೆಯ ಮೇಲೆ ಎತ್ತಿ ಹಿಡಿದ ಕಿರೀಟ ಹೇಗೋ ಬಂತು. (ನಾಟಕದಲ್ಲಿ ಅವಳು ಹಾಗೆ ಕಿರೀಟ ಎತ್ತುವ ದೃಶ್ಯವೇ ಇಲ್ಲ, ಅದು ಸಾರ್ಜೆಂಟ್ ಕಲ್ಪನೆ. ನನಗಂತೂ ನಾಟಕಕ್ಕಿಂತ ಇದೇ ಜಾಸ್ತಿ ಇಷ್ಟ.)

ಸಿಕ್ಕಿಹಾಕಿಕೊಂಡಿರುವುದು ಉಡುಪಿನಲ್ಲಿ. 1888ರ ಕೊನೆಗೆ ಲಂಡನ್ನಿನ ಲೈಸಿಯಂ ರಂಗಮಂದಿರದಲ್ಲಿ ತೊಟ್ಟ ಆ ಉಡುಪಿಗೆ ನಿಜವಾದ ಜೀರುಂಡೆ ರೆಕ್ಕೆಗಳನ್ನೇ ಹೊಲಿದಿದ್ದರು, ಬೆಳಕು ಬಿದ್ದರೆ ಹಸಿರು, ನೀಲಿ ಎರಡೂ ಮಿನುಗುತ್ತವೆ. ನನ್ನ ಕ್ಯಾನ್ವಾಸಿನಲ್ಲಿ ಮಾತ್ರ ಪಾಚಿ ಕಟ್ಟಿದ ಗೋಡೆ ಥರ ಕಾಣುತ್ತಿದೆ. ಹಸಿರಿಗೆ ಬಿಳಿ ಬೆರೆಸಿದರೆ ಮಂಕಾಗುತ್ತದೆ, ಬೆರೆಸದಿದ್ದರೆ ಹೊಳಪೇ ಇಲ್ಲ. ಮೊದಲು ಕಡು ಬಣ್ಣ ಹಾಕಿ, ಅದು ಪೂರ್ತಿ ಒಣಗಿದ ಮೇಲೆ ತೆಳು ಹಸಿರು ಪದರ ಕೊಡಬೇಕಾ, ಇಲ್ಲ ಹಸಿಯಾಗಿರುವಾಗಲೇ ದಪ್ಪ ಚುಕ್ಕೆ ಇಡಬೇಕಾ?

ಮೂಲ ಚಿತ್ರ ಲಂಡನ್ನಿನ ಟೇಟ್ ಕಲಾ ಗ್ಯಾಲರಿಯ ಸಂಗ್ರಹದಲ್ಲಿದೆ, ಉಡುಪು ಕೆಂಟ್‌ನ ಸ್ಮಾಲ್‌ಹೈತ್‌ನಲ್ಲಿ ಟೆರಿ ಇದ್ದ ಮನೆಯಲ್ಲಿದೆ. ಇವನ್ನು ಕಣ್ಣಾರೆ ನೋಡಿದವರಿದ್ದರೆ, ಹತ್ತಿರದಿಂದ ಕುಂಚದ ಗುರುತು ಹೇಗೆ ಕಾಣುತ್ತದೆ ಅಂತ ದಯವಿಟ್ಟು ಹೇಳಿ. ಫೋಟೋದಲ್ಲಿ ಅದು ಗೊತ್ತಾಗೋದೇ ಇಲ್ಲ.