ಚೆಕ್ ಬೌನ್ಸ್ ಅಪೀಲು: 20% ಕಟ್ಟಲೇಬೇಕಾ?

ಅಣ್ಣನಿಗೆ ಚೆಕ್ ಬೌನ್ಸ್ ಕೇಸಲ್ಲಿ ಶಿಕ್ಷೆ ಆಯ್ತು, 5 ಲಕ್ಷ ಪರಿಹಾರ ಬೇರೆ. ಅಪೀಲಲ್ಲಿ ಶಿಕ್ಷೆ ಅಮಾನತು ಮಾಡಿದ್ದಾರೆ, ಆದರೆ 1 ಲಕ್ಷ ಠೇವಣಿ ಇಡಬೇಕಂತೆ. ಅಂಗಡಿ ಮುಚ್ಚಿ ವರ್ಷವಾಯ್ತು, ಅತ್ತಿಗೆಯ ಬಳೆ ಈಗಾಗಲೇ ಅಡವಲ್ಲಿದೆ. ಕಟ್ಟದಿದ್ದರೆ ಜೈಲಾ?

ಉತ್ತರ 1: ಇದು ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 148ನೇ ಕಲಂ, 2018ರ ತಿದ್ದುಪಡಿಯಲ್ಲಿ ಬಂದದ್ದು. ದಂಡ ಅಥವಾ ಪರಿಹಾರದ ಕನಿಷ್ಠ 20%. ಗಡುವು 60 ದಿನ, ಸರಿಯಾದ ಕಾರಣ ಕೊಟ್ಟರೆ ಇನ್ನೂ 30. ಸುಮ್ನೆ ಕೂತರೆ ಅಮಾನತು ರದ್ದಾಗಬಹುದು, ಆಮೇಲೆ ಕಷ್ಟ.

ಉತ್ತರ 2: ಕಟ್ಟಲೇಬೇಕು ಅಂತ ಕೈಚೆಲ್ಲಬೇಡಿ. 2023ರ ಜಂಬೂ ಭಂಡಾರಿ ಕೇಸಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು, ಸಾಮಾನ್ಯವಾಗಿ 20% ಸರಿ, ಆದರೆ ಈ ಷರತ್ತು ಅನ್ಯಾಯ ಅನ್ನಿಸಿದರೆ ಅಥವಾ ಅಪೀಲಿನ ಹಕ್ಕನ್ನೇ ಕಿತ್ತುಕೊಂಡಂತೆ ಆದರೆ ಕಾರಣ ಬರೆದು ವಿನಾಯಿತಿ ಕೊಡಬಹುದು ಅಂತ. ಬ್ಯಾಂಕ್ ಸ್ಟೇಟ್‌ಮೆಂಟು, ಅಡವಿನ ಚೀಟಿ ಎಲ್ಲ ಸೇರಿಸಿ ಅರ್ಜಿ ಹಾಕಿಸಿ. ಬರೀ ಬಾಯಲ್ಲಿ ‘ದುಡ್ಡಿಲ್ಲ ಸ್ವಾಮಿ’ ಅಂದರೆ ಯಾರು ಕೇಳ್ತಾರೆ?

ಉತ್ತರ 3: ಕಟ್ಟಿದ ದುಡ್ಡನ್ನು ಕೋರ್ಟ್ ಎದುರಿನವರಿಗೆ ಬಿಡುಗಡೆ ಮಾಡಬಹುದು, ನೆನಪಿರಲಿ. ಅಪೀಲು ಗೆದ್ದರೆ ಅವರು ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಬಡ್ಡಿ ಸೇರಿಸಿ ವಾಪಸ್ ಕೊಡಬೇಕು.

ಕೇಳಿದವರು: ಥ್ಯಾಂಕ್ಸ್. ಆದೇಶವಾಗಿ 41 ದಿನ ಆಗಿದೆ, ನಾಳೆಯೇ ವಕೀಲರ ಹತ್ತಿರ ಹೋಗ್ತೀವಿ.